ಕಿಲುಬು ಕಾಪಾಡಿದ ನೂಲು

ಬಲೂಚಿಸ್ತಾನದ ಬೋಲಾನ್ ಕಣಿವೆಯ ಬಾಯಲ್ಲಿ ಮೆಹರ್‌ಗಢ ಎಂಬ ನವಶಿಲಾಯುಗದ ನೆಲೆಯಿದೆ. ಅಲ್ಲಿನ ಗೋರಿಯೊಂದರಲ್ಲಿ ವಯಸ್ಕ ಗಂಡಸೊಬ್ಬನ ಮಣಿಕಟ್ಟಿನ ಬಳಿ ಎಂಟು ತಾಮ್ರದ ಮಣಿಗಳು ಸಿಕ್ಕವು. ಕ್ರಿ.ಪೂ. ಆರನೆಯ ಸಹಸ್ರಮಾನದ ಗೋರಿ ಅದು. ಅಷ್ಟು ಹಿಂದೆ ತಾಮ್ರವನ್ನು ಹೇಗೆ ಬಡಿದು ಮಣಿ ಮಾಡುತ್ತಿದ್ದರು ಎಂದು ತಿಳಿಯಲು ಫ್ರಾನ್ಸಿನ ಸಂಶೋಧಕರು ಒಂದು ಮಣಿಯನ್ನು ಕೊಯ್ದರು. ತಾಮ್ರದ ಗುಟ್ಟು ಹುಡುಕಲು ಹೋದವರಿಗೆ ಮಣಿಯ ತೂತಿನೊಳಗೆ ದಾರ ಕಂಡಿತು. ಎಲೆಕ್ಟ್ರಾನ್ ಸೂಕ್ಷ್ಮದರ್ಶಕದಲ್ಲಿ ನೋಡಿದರೆ ಹತ್ತಿ! ಬಲಿತ ನಾರು, ಎಳೆಯ ನಾರು ಎರಡೂ ಒಟ್ಟಿಗಿದ್ದವು; ಹತ್ತಿಕಾಯಿಯಿಂದ ಕಿತ್ತ ಅರಳೆಯಲ್ಲಿ ಹಾಗೆಯೇ ಇರುತ್ತವೆ. 2002ರಲ್ಲಿ ಈ ಸಂಗತಿ ಪ್ರಕಟವಾದಾಗ ಏಷ್ಯಾದಲ್ಲಿ ಹತ್ತಿ ಬಳಕೆಯ ಚರಿತ್ರೆ ಒಂದೇ ಏಟಿಗೆ ಸಾವಿರಕ್ಕೂ ಹೆಚ್ಚು ವರ್ಷ ಹಿಂದಕ್ಕೆ ಹೋಯಿತು.

ಬಟ್ಟೆ ಮಣ್ಣಿಗೆ ಬಿದ್ದರೆ ಕೆಲವೇ ವರ್ಷಗಳಲ್ಲಿ ಗೊಬ್ಬರ. ಶಿಲೀಂಧ್ರ, ಬ್ಯಾಕ್ಟೀರಿಯಾ, ಗೆದ್ದಲು ಸೇರಿ ನಾರನ್ನು ತಿಂದು ಮುಗಿಸುತ್ತವೆ. ಆದರೆ ತಾಮ್ರಕ್ಕೆ ಅಂಟಿಕೊಂಡ ದಾರದ ಹಣೆಬರಹ ಬೇರೆ. ತಾಮ್ರ ಕಿಲುಬುಗಟ್ಟಿದಾಗ ಅದರ ಲವಣಗಳು ಸುತ್ತಲಿನ ತೇವಕ್ಕೆ ಇಳಿಯುತ್ತವೆ. ಅವು ಸೂಕ್ಷ್ಮಜೀವಿಗಳಿಗೆ ವಿಷ. ಜೀವಿಗಳು ಹತ್ತಿರ ಸುಳಿಯದಿದ್ದಾಗ ಲವಣ ನಿಧಾನವಾಗಿ ನಾರಿನೊಳಗೆ ಇಳಿದು ಅದರ ಜಾಗವನ್ನೇ ತುಂಬಿಕೊಳ್ಳುತ್ತದೆ. ಕೊನೆಗೆ ಹತ್ತಿ ಹೋಗಿ ಹತ್ತಿಯ ಆಕಾರ ಉಳಿಯುತ್ತದೆ, ಹುರಿಯ ಸಮೇತ. ಮೊಹೆಂಜೊದಾರೊದಲ್ಲೂ ಆದದ್ದು ಇಂಥದ್ದೇ. 1920ರ ದಶಕದ ಉತ್ಖನನದಲ್ಲಿ ಬೆಳ್ಳಿಯ ಪಾತ್ರೆಯೊಂದಕ್ಕೆ ಅಂಟಿದ್ದ ಬಟ್ಟೆಯ ಚೂರು ಸಿಕ್ಕಿತು. ಮುಂಬಯಿಯ ಹತ್ತಿ ಪ್ರಯೋಗಾಲಯದಲ್ಲಿ ಗುಲಾಟಿ ಮತ್ತು ಟರ್ನರ್ ಎಂಬಿಬ್ಬರು ಅದನ್ನು ಪರೀಕ್ಷಿಸಿ ಹತ್ತಿಯೆಂದು ಖಚಿತಪಡಿಸಿದರು. ಮಂಜಿಷ್ಠದ ಬೇರಿನಿಂದ ಬಣ್ಣ ಕಟ್ಟಿದ ಗುರುತೂ ಇತ್ತು. 2009ರಲ್ಲಿ ಹರಪ್ಪಾ ಮತ್ತು ಚನ್ಹುದಾರೊದ ಆಭರಣಗಳಲ್ಲಿ ಕಾಡುರೇಷ್ಮೆಯ ಎಳೆಗಳು ಪತ್ತೆಯಾದವು. ಆ ಕಾಲದಲ್ಲಿ ರೇಷ್ಮೆಯೆಂದರೆ ಚೀನಾ ಮಾತ್ರ ಎಂದು ನಂಬಿದ್ದವರು ಸ್ವಲ್ಪ ತಡವರಿಸಬೇಕಾಯಿತು.

ಉಳಿಯುವ ಬಟ್ಟೆ ಯಾವುದೆಂದು ನೆಲವೇ ಆರಿಸುತ್ತದೆ ಎಂಬುದನ್ನು ಮರೆಯಬಾರದು. ಈಜಿಪ್ಟಿನ ಒಣ ಮರಳು ಎಲ್ಲವನ್ನೂ ಉಳಿಸುತ್ತದೆ. ಐದು ಸಾವಿರ ವರ್ಷ ದಾಟಿದ ತರ್ಖಾನ್‌ನ ನಾರುಬಟ್ಟೆಯ ಅಂಗಿಯಲ್ಲಿ ತೋಳಿನ ನೆರಿಗೆ ಕೂಡ ಹಾಗೇ ಇದೆ. 1913ರಲ್ಲಿ ಅಗೆದು ತಂದ ಅದು ಕೊಳೆ ಚಿಂದಿಯ ಗಂಟಿನೊಳಗೇ ಇದ್ದು, 1977ರಲ್ಲಿ ಲಂಡನ್ನಿನಲ್ಲಿ ಗಂಟು ಬಿಚ್ಚಿದಾಗ ಹೊರಬಂತು. ಡೆನ್ಮಾರ್ಕಿನ ಜೌಗುನೆಲದ ನೀರು ಆಮ್ಲೀಯ. ಅಲ್ಲಿ ಉಣ್ಣೆ ಉಳಿಯುತ್ತದೆ, ಅಗಸೆನಾರು ಕರಗಿಹೋಗುತ್ತದೆ. ಸ್ವಿಟ್ಜರ್ಲೆಂಡಿನ ಕೆರೆದಂಡೆಗಳಲ್ಲಿ ಇದರ ತಿರುಗಾಮುರುಗ. 1879ರಲ್ಲಿ ಡೆನ್ಮಾರ್ಕಿನ ಹುಲ್ಡ್ರಮೋಸ್‌ನಲ್ಲಿ ಸಿಕ್ಕ ಹೆಂಗಸಿನ ಶವದ ಮೇಲೆ ಉಣ್ಣೆಯ ಲಂಗ, ತೊಗಲಿನ ಹೊದಿಕೆಗಳಿದ್ದವು. ಒಳಗೆ ಸಸ್ಯನಾರಿನ ಉಡುಪೂ ಇತ್ತೆಂಬುದಕ್ಕೆ ಕುರುಹು ಸಿಕ್ಕಿದ್ದು ಬಹಳ ಕಾಲದ ಮೇಲೆ, ಸೂಕ್ಷ್ಮದರ್ಶಕದಿಂದ. ಅಲ್ಲಿಯವರೆಗೆ ಆಕೆ ಚುಚ್ಚುವ ಉಣ್ಣೆಯನ್ನೇ ಮೈಗೆ ಹಾಕಿಕೊಂಡಿದ್ದಳೆಂದು ಎಲ್ಲರೂ ಅಂದುಕೊಂಡಿದ್ದರು.

ಬಟ್ಟೆಯೇ ಸಿಗದ ಕಡೆ ನೂಲುವ ಸಲಕರಣೆ ಸಿಗುತ್ತದೆ. ತಕಲಿಯ ಕಡ್ಡಿ ಮರದ್ದು, ಅದು ಮಣ್ಣುಪಾಲಾಗುತ್ತದೆ. ಕಡ್ಡಿಗೆ ಭಾರಕ್ಕೆಂದು ಸಿಕ್ಕಿಸುವ ಬಿಲ್ಲೆ ಸುಟ್ಟ ಮಣ್ಣಿನದೋ, ಕಲ್ಲಿನದೋ, ಮೂಳೆಯದೋ ಆಗಿರುವುದರಿಂದ ಉಳಿದುಕೊಳ್ಳುತ್ತದೆ. ಎಷ್ಟೋ ಕಡೆ ಒಡೆದ ಮಡಕೆಯ ಚೂರನ್ನೇ ದುಂಡಗೆ ಉಜ್ಜಿ, ನಡುವೆ ತೂತು ಕೊರೆದು ಬಿಲ್ಲೆ ಮಾಡಿಕೊಂಡಿದ್ದಾರೆ. ಇಂಥ ಬಿಲ್ಲೆಯನ್ನು ತಕ್ಕಡಿಗೆ ಹಾಕಿ, ಅಡ್ಡಗಲ ಅಳೆದರೆ ಅದು ಬಾಯಿಬಿಡುತ್ತದೆ. ಬುಗುರಿಯ ಲೆಕ್ಕವೇ ಇಲ್ಲಿಯೂ: ಭಾರ ಹೊರ ಅಂಚಿಗೆ ಹರಡಿದ್ದರೆ ನಿಧಾನವಾಗಿ, ಬಹಳ ಹೊತ್ತು ತಿರುಗುತ್ತದೆ, ನಡುವಿಗೆ ಕೂಡಿಕೊಂಡಿದ್ದರೆ ಸರ್ರನೆ ತಿರುಗಿ ಬಿಗಿಯಾದ ಹುರಿ ಕೊಡುತ್ತದೆ. ಉದ್ದನಾರಿನ ಉಣ್ಣೆಗೆ, ದಪ್ಪ ನೂಲಿಗೆ ಭಾರದ ಬಿಲ್ಲೆ ನಡೆಯುತ್ತದೆ. ಹತ್ತಿಯ ನಾರು ಎರಡು ಮೂರು ಸೆಂಟಿಮೀಟರ್ ಅಷ್ಟೇ. ತೂಗುಬಿದ್ದ ಭಾರಕ್ಕೆ ಎಳೆ ಪಟಕ್ಕನೆ ಕಡಿದುಹೋಗುತ್ತದೆ. ಅದಕ್ಕೇ ಹತ್ತಿ ನೂಲುವವರು ಹಗುರ ಬಿಲ್ಲೆ ಬಳಸಿದರು, ಇಲ್ಲವೇ ತಕಲಿಯ ತುದಿಯನ್ನು ನೆಲಕ್ಕೋ ಬಟ್ಟಲಿಗೋ ಊರಿ ನೂತರು.

ಇದು ಬರೀ ಊಹೆಯಲ್ಲ. 2005ರಲ್ಲಿ ಶುರುವಾದ ಕೋಪನ್‌ಹೇಗನ್ ವಿಶ್ವವಿದ್ಯಾಲಯದ ಜವಳಿ ಸಂಶೋಧನಾ ಕೇಂದ್ರದವರು ಹಳೆಯ ಬಿಲ್ಲೆಗಳ ಪ್ರತಿಕೃತಿ ಮಾಡಿಸಿ, ಪಳಗಿದ ಕೈಗಳಿಂದ ನೂಲಿಸಿ, ಗಂಟೆಗೆ ಎಷ್ಟು ಮೀಟರ್ ಬಂತೆಂದು ಬರೆದಿಟ್ಟಿದ್ದಾರೆ. ನಾವೂ ಒಂದು ಲೆಕ್ಕ ಹಾಕೋಣ. ಐದೂವರೆ ಮೀಟರ್ ಉದ್ದ, 115 ಸೆಂಟಿಮೀಟರ್ ಅಗಲದ ಸೀರೆ. ಸೆಂಟಿಮೀಟರಿಗೆ ಹಾಸು 20 ಎಳೆ, ಹೊಕ್ಕು 20 ಎಳೆ. ಹಾಸಿಗೆ 2,300 ಎಳೆ, ಒಂದೊಂದೂ ಐದೂವರೆ ಮೀಟರ್. ಹೊಕ್ಕಿಗೂ ಅಷ್ಟೇ ನೂಲು. ಒಟ್ಟು 25 ಕಿಲೋಮೀಟರ್ ದಾಟುತ್ತದೆ. ತಕಲಿಯಲ್ಲಿ ಗಂಟೆಗೆ 50 ಮೀಟರ್ ನೂತರೆಂದು ಇಟ್ಟುಕೊಂಡರೂ 500 ಗಂಟೆ. ದಿನಕ್ಕೆ ಎಂಟು ಗಂಟೆಯಂತೆ ಎರಡು ತಿಂಗಳು. ಮಗ್ಗಕ್ಕೆ ಕೂರುವ ಮುಂಚಿನ ಕೆಲಸ ಇಷ್ಟು. ಅರಳೆ ಬಿಡಿಸಿದ್ದು, ಹಂಜಿ ಮಾಡಿದ್ದು ಇದರಲ್ಲಿ ಸೇರಿಲ್ಲ.

ಇದೇ ಕೋಪನ್‌ಹೇಗನ್ನಿನ ಮ್ಯೂಸಿಯಂನಲ್ಲಿ ಕ್ರಿಶ್ಚಿಯನ್ ಥಾಮ್ಸನ್ ಎಂಬಾತ ಶಿಲಾಯುಗ, ಕಂಚಿನ ಯುಗ, ಕಬ್ಬಿಣದ ಯುಗ ಎಂದು ಚರಿತ್ರೆಪೂರ್ವ ಕಾಲವನ್ನು ವಿಂಗಡಿಸಿದ. 1836ರಲ್ಲಿ ಅದು ಪುಸ್ತಕವಾಗಿ ಬಂತು. ಇವತ್ತಿಗೂ ನಮ್ಮ ಪಠ್ಯಗಳಲ್ಲಿ ಅದೇ ಇದೆ. ಕಪಾಟಿನಲ್ಲಿ ಉಳಿದಿದ್ದು ಗಟ್ಟಿ ವಸ್ತುಗಳು, ಅವುಗಳ ಹೆಸರೇ ಕಾಲಕ್ಕೂ ಬಂತು. ಕೊಡಲಿ ಮಾಡಿದವನಿಗೆ ಒಂದು ಯುಗವೇ ದಕ್ಕಿತು. ಎರಡು ತಿಂಗಳು ಕೂತು ನೂತವಳಿಗೆ ಏನೂ ದಕ್ಕಲಿಲ್ಲ. ಇದು ಅನ್ಯಾಯವೆಂದೇ ನನ್ನ ಅನಿಸಿಕೆ.

ಮಗ್ಗದ ಕುರುಹು ಇನ್ನೂ ಅಪರೂಪ. ಯುರೋಪ್ ಮತ್ತು ಟರ್ಕಿಯ ಕಡೆ ಮಗ್ಗವನ್ನು ನೆಟ್ಟಗೆ ನಿಲ್ಲಿಸಿ, ಹಾಸಿನ ಎಳೆಗಳ ಕೆಳತುದಿಗೆ ಮಣ್ಣಿನ ಗುಂಡು ಕಟ್ಟುತ್ತಿದ್ದರು. ಮನೆಗೆ ಬೆಂಕಿ ಬಿದ್ದಾಗ ಮರ, ನೂಲು ಬೂದಿಯಾಗಿ ಗುಂಡುಗಳು ಸಾಲಾಗಿ ಕೆಳಗೆ ಕೂತವು. ಆ ಸಾಲನ್ನು ಅಳೆದರೆ ನೇಯುತ್ತಿದ್ದ ಬಟ್ಟೆಯ ಅಗಲ ಗೊತ್ತಾಗುತ್ತದೆ. ಈಜಿಪ್ಟಿನಲ್ಲಾದರೋ ನೆಲಕ್ಕೆ ಗೂಟ ಹೊಡೆದು ಹಾಸು ಎಳೆದು ಕಟ್ಟುತ್ತಿದ್ದರು. ಗೂಟ ಕಿತ್ತರೆ ಮುಗಿಯಿತು.

ನೂತವರ ಕೈಯೂ ಗುರುತು ಬಿಡುತ್ತದೆ. ನೂಲನ್ನು ಯಾವ ಕಡೆಗೆ ತಿರುಚಿದ್ದಾರೆ ಎಂಬುದನ್ನು ತಜ್ಞರು ಎಸ್ ಹುರಿ, ಝಡ್ ಹುರಿ ಎಂದು ಬೇರ್ಪಡಿಸುತ್ತಾರೆ. ಆ ಇಂಗ್ಲಿಷ್ ಅಕ್ಷರಗಳ ನಡುಗೆರೆ ವಾಲಿದ ಕಡೆಗೇ ಎಳೆಯೂ ವಾಲಿರುತ್ತದೆ. ಈಜಿಪ್ಟಿನವರದು ಎಸ್ ಹುರಿ. ಅಗಸೆನಾರು ಒದ್ದೆಯಾದಾಗ ತಾನಾಗಿಯೇ ಆ ಕಡೆಗೆ ಸುತ್ತಿಕೊಳ್ಳುತ್ತದೆ, ಕೈ ಅದನ್ನೇ ರೂಢಿ ಮಾಡಿಕೊಂಡಿತು. ಭಾರತದ ಹತ್ತಿನೂಲು ಝಡ್. ಕೆಂಪು ಸಮುದ್ರದ ದಡದಲ್ಲಿದ್ದ ಬೆರೆನಿಕೆ ಎಂಬ ರೋಮನ್ ಕಾಲದ ಬಂದರನ್ನು 1994ರಿಂದ ಅಗೆಯುತ್ತಿದ್ದಾರೆ. ಅಲ್ಲಿನ ಕಸದ ತಿಪ್ಪೆಗಳಲ್ಲಿ ಭಾರತದ ಕರಿಮೆಣಸಿನ ಜೊತೆ ಝಡ್ ಹುರಿಯ ಹತ್ತಿಬಟ್ಟೆಯ ಚೂರುಗಳೂ ಸಿಕ್ಕಿವೆ. ಕೆಲವು ನೀಲಿಯಲ್ಲಿ ಅದ್ದಿ ಬಿಳಿ ಚಿತ್ತಾರ ಉಳಿಸಿದವು, ಕೆಲವು ಹಡಗಿನ ಹಾಯಿಯ ತುಂಡುಗಳು. ಜವಳಿ ತಜ್ಞರಾದ ವೈಲ್ಡ್ ದಂಪತಿ ಇವು ಭಾರತದಿಂದ ಬಂದವೆಂದು ಗುರುತಿಸಿದ್ದು ಮುಖ್ಯವಾಗಿ ಹುರಿಯನ್ನು ನೋಡಿ.

ಬರಹ ಉಳಿದಿರುವ ಕಡೆ ನೇಯ್ದವರ ಮಾತೇ ಕೇಳಿಸುತ್ತದೆ. ಟರ್ಕಿಯ ಕುಲ್ತೆಪೆಯಲ್ಲಿ ಸಿಕ್ಕ ಇಪ್ಪತ್ತು ಸಾವಿರಕ್ಕೂ ಹೆಚ್ಚು ಮಣ್ಣಿನ ಹಲಗೆಗಳು ಅಸ್ಸಿರಿಯಾದ ವರ್ತಕರ ಕಾಗದಪತ್ರ, ಸುಮಾರು ಕ್ರಿ.ಪೂ. 19ನೆಯ ಶತಮಾನದವು. ಟೈಗ್ರಿಸ್ ದಡದ ಅಸ್ಸೂರ್ ನಗರದಲ್ಲಿ ಹೆಂಗಸರು ಬಟ್ಟೆ ನೇಯ್ದು, ಕತ್ತೆಗಳ ಮೇಲೆ ಹೇರಿಸಿ ಸಾವಿರ ಕಿಲೋಮೀಟರ್ ಆಚೆಯ ಗಂಡಂದಿರಿಗೆ ಕಳಿಸುತ್ತಿದ್ದರು. ಪೂಶು-ಕೇನ್ ಎಂಬ ವರ್ತಕ ಬಟ್ಟೆ ಚೆನ್ನಾಗಿಲ್ಲವೆಂದು ಹೆಂಡತಿ ಲಮಸ್ಸಿಗೆ ದೂರು ಬರೆದ. ಆಕೆ ಸುಮ್ಮನಿರಲಿಲ್ಲ. ನಿನ್ನ ಮನೆಯಲ್ಲಿ ಕೂತು ನನ್ನ ಬಟ್ಟೆಗೆ ಹೆಸರಿಡುತ್ತಿರುವವರು ಯಾರು ಎಂದು ಕೇಳಿ, ಪ್ರತಿ ಸಾಗಣೆಯಲ್ಲೂ ನಿನಗೆ ನಾಲ್ಕು ಕಾಸು ಬೆಳ್ಳಿ ಬರಲೆಂದೇ ನೇಯ್ದು ಕಳಿಸುತ್ತಿದ್ದೇನೆ ಎಂಬರ್ಥದ ಉತ್ತರ ಕೊಟ್ಟಳು. ಮನೆಯ ದುಡಿಮೆ ಎಷ್ಟು ದೂರದ ವ್ಯಾಪಾರವನ್ನು ನಡೆಸುತ್ತಿತ್ತೆಂಬುದಕ್ಕೆ ಇದಕ್ಕಿಂತ ಒಳ್ಳೆಯ ದಾಖಲೆ ನನಗೆ ಗೊತ್ತಿಲ್ಲ.

ಸಿಂಧೂ ಲಿಪಿ ನಮಗೆ ಹೀಗೆ ಮಾತಾಡುವುದಿಲ್ಲ. ಆದರೆ ಮಣ್ಣು ಮಾತಾಡುತ್ತದೆ. ಶಿವಮೊಗ್ಗ ಸೀಮೆಯವರೇ ಆದ ಎಸ್. ಆರ್. ರಾವ್ ಗುಜರಾತಿನ ಲೋಥಲ್ ಅಗೆಸಿದಾಗ ಉಗ್ರಾಣದಲ್ಲಿ ಹತ್ತಾರು ಮಣ್ಣಿನ ಮುದ್ರೆಗಳು ಸಿಕ್ಕವು. ಮುಂದೆ ಸಿಂಧೂ ಮುದ್ರೆಯ ಅಚ್ಚು, ಬೆನ್ನಿಗೆ ಹಗ್ಗ, ಚಾಪೆ, ನೇಯ್ದ ಬಟ್ಟೆಯ ಅಚ್ಚು: ಮೂಟೆ ಕಟ್ಟಿ ಹಸಿಮಣ್ಣು ಮೆತ್ತಿ ಒತ್ತಿದ್ದರ ಗುರುತು. ಹಾವೇರಿ ಜಿಲ್ಲೆಯಲ್ಲಿ ತುಂಗಭದ್ರೆಯ ದಡದ ಹಳ್ಳೂರಿನಲ್ಲಿ 1965ರಲ್ಲಿ ಎಂ. ಎಸ್. ನಾಗರಾಜರಾವ್ ಉತ್ಖನನ ನಡೆಸಿದ್ದರು. ಮುಂದೆ ಡೋರಿಯನ್ ಫುಲ್ಲರ್ ಮತ್ತು ಸಂಗಡಿಗರು ಅಲ್ಲಿನ ಮಣ್ಣನ್ನು ನೀರಿನಲ್ಲಿ ಕದಡಿ, ತೇಲಿಬಂದ ಕರಿಕನ್ನು ಸೋಸಿದಾಗ ಹತ್ತಿಯ ಅವಶೇಷ ಸಿಕ್ಕಿತು. ಸರಿಸುಮಾರು ಮೂರು ಸಾವಿರ ವರ್ಷ ಹಿಂದಿನದು. ದಕ್ಷಿಣ ಭಾರತದ ಹತ್ತಿಗೆ ಸಿಕ್ಕಿರುವ ಅತಿ ಹಳೆಯ ಪುರಾವೆಗಳಲ್ಲಿ ಒಂದು.

ಬಳ್ಳಾರಿ, ರಾಯಚೂರು, ಹಾವೇರಿ ಕಡೆಯ ಓದುಗರಲ್ಲಿ ಒಂದು ಕೋರಿಕೆ. ಬೂದಿದಿಬ್ಬದ ಬಳಿಯೋ ಹಳೆ ಊರಿನ ಹಾಳುಮಣ್ಣಿನಲ್ಲೋ ನಡುವೆ ತೂತಿರುವ ದುಂಡನೆಯ ಬೋಕಿ ಕಂಡರೆ ಮಕ್ಕಳ ಆಟದ ಸಾಮಾನೆಂದು ಎಸೆಯಬೇಡಿ. ಅದಿದ್ದ ಜಾಗ ಗುರುತಿಟ್ಟುಕೊಂಡು ಪುರಾತತ್ವ ಇಲಾಖೆಗೆ ತಿಳಿಸಿ. ಉಳುವಾಗ ತಾಮ್ರದ ಮಣಿಯೋ ಬಳೆಯೋ ಸಿಕ್ಕರಂತೂ ದಯವಿಟ್ಟು ಹುಣಸೆಹಣ್ಣು ಹಾಕಿ ಉಜ್ಜಬೇಡಿ.