ಕುಂಡದ ತಳದಲ್ಲಿ ನಿಂತ ನೀರು

ಮಳೆಗಾಲದ ನಡುವೆ ಕಟ್ಟೆಯ ಮೇಲಿನ ಸ್ನೇಕ್ ಪ್ಲಾಂಟಿನ ಎಲೆಯೊಂದು ವಾಲಿಕೊಳ್ಳುತ್ತದೆ. ನೆಟ್ಟಗೆ ನಿಲ್ಲಿಸಲು ಹಿಡಿದರೆ ಬುಡದಿಂದಲೇ ಕಳಚಿ ಕೈಗೆ ಬರುತ್ತದೆ. ಬುಡ ಕಂದಾಗಿ ಮೆತ್ತಗಾಗಿರುತ್ತದೆ, ಒತ್ತಿದರೆ ನೀರು ಜಿನುಗುತ್ತದೆ. ಮೇಲ್ಭಾಗ ಮಾತ್ರ ಇನ್ನೂ ಹಸಿರು. ಶಿಲೀಂಧ್ರ ರೋಗವೆಂದು ಔಷಧದ ಅಂಗಡಿಯಿಂದ ಪುಡಿ ತಂದು ಎಲೆಗಳಿಗೆ ಸಿಂಪಡಿಸುವುದು ರೂಢಿ. ಗೋಕಾಕ, ಮೂಡಲಗಿ, ಹುಕ್ಕೇರಿ ಕಡೆ ಈ ಗಿಡ ಕೊಳೆಯುವುದಕ್ಕೆ ರೋಗಾಣುವಿಗಿಂತ ಮೊದಲು ಕುಂಡಕ್ಕೆ ತುಂಬಿದ ಮಣ್ಣನ್ನು ವಿಚಾರಿಸಬೇಕು ಎಂಬುದು ನನ್ನ ವಾದ.

ಈ ಗಿಡದ ತವರು ಪಶ್ಚಿಮ ಆಫ್ರಿಕಾ. ಹಗಲಿನ ಬಿಸಿಲಲ್ಲಿ ಪತ್ರರಂಧ್ರಗಳನ್ನು ಮುಚ್ಚಿಕೊಂಡು ರಾತ್ರಿ ತೆರೆಯುವುದರಿಂದ ಇದು ಕಳೆದುಕೊಳ್ಳುವ ನೀರು ಬಹಳ ಕಡಿಮೆ. ದಪ್ಪ ಎಲೆಯಲ್ಲೂ ಮಣ್ಣೊಳಗಿನ ಗಡ್ಡೆಯಲ್ಲೂ ನೀರಿನ ದಾಸ್ತಾನು ಇರುತ್ತದೆ. ಇಷ್ಟು ಕಡಿಮೆ ಕುಡಿಯುವ ಗಿಡವನ್ನು ನಾವು ಹೊಲದ ಎರೆಮಣ್ಣಿನಲ್ಲಿ ನೆಡುತ್ತೇವೆ. ಜೋಳಕ್ಕೆ, ಕಡಲೆಗೆ ವರವಾದ ಎರೆಯ ಗುಣವೇ ಇಲ್ಲಿ ಶಾಪ. ಅದರ ಜೇಡಿಕಣಗಳು ನೀರು ಹೀರಿ ಉಬ್ಬುತ್ತವೆ, ಗಾಳಿಯಾಡುವ ಸಂದುಗಳು ಮುಚ್ಚಿಹೋಗುತ್ತವೆ. ನೀರಿನೊಳಗೆ ಆಮ್ಲಜನಕ ಹರಡುವ ವೇಗ ಗಾಳಿಯಲ್ಲಿರುವುದಕ್ಕಿಂತ ಸುಮಾರು 10,000 ಪಟ್ಟು ಕಡಿಮೆ. ಉಸಿರು ಕಟ್ಟಿದ ಬೇರು ಸಾಯತೊಡಗುತ್ತದೆ, ರೋಗಾಣು ಆಮೇಲೆ ಬರುತ್ತದೆ. ‘ಮೇಲ್ಮಣ್ಣು ಬಿರುಕು ಬಿಡುವಷ್ಟು ಒಣಗಿತ್ತಲ್ಲ’ ಎನ್ನುವವರಿದ್ದಾರೆ. ಎರೆಯ ಮೇಲ್ಪದರ ಬಿರಿದಾಗಲೂ ತಳ ಹಸಿಯಾಗಿರಬಹುದು. ಬಿದಿರು ಕಡ್ಡಿಯನ್ನು ತಳದವರೆಗೆ ಚುಚ್ಚಿ ತೆಗೆದರೆ ಅದಕ್ಕೆ ಅಂಟಿದ ಮಣ್ಣೇ ಹೇಳುತ್ತದೆ. ‘ಕೆಳಗೆ ಜಲ್ಲಿ ಹಾಕಿದ್ದೇವೆ’ ಎಂಬುದು ಇನ್ನೊಂದು ಸಮಾಧಾನ. ನುಣುಪು ಮಣ್ಣು ತನ್ನ ನೀರನ್ನು ಕೆಳಗಿನ ದಪ್ಪ ಜಲ್ಲಿಗೆ ಸುಲಭವಾಗಿ ಬಿಟ್ಟುಕೊಡದು. ಮಣ್ಣು ಪೂರ್ತಿ ನೆನೆದ ಮೇಲಷ್ಟೇ ಹನಿ ಕೆಳಗಿಳಿಯುತ್ತದೆ. ಹಾಗಾಗಿ ಜಲ್ಲಿ ಹಾಕಿದಷ್ಟೂ ಜೌಗು ಪದರ ಬೇರಿನ ಹತ್ತಿರಕ್ಕೆ ಏರುತ್ತದೆ.

ಅರಿಷಿಣ ಬೆಳೆಯುವ ಗೋಕಾಕ, ಮೂಡಲಗಿ ಸೀಮೆಗೆ ಗಡ್ಡೆಕೊಳೆ ಹೊಸದಲ್ಲ. ಅರಿಷಿಣದ ಗಡ್ಡೆ ಕೊಳೆಸುವ ಪಿಥಿಯಂ ಕುಲದ ಜೀವಿಗಳು ಸ್ನೇಕ್ ಪ್ಲಾಂಟಿನ ಬೇರನ್ನೂ ಕಾಡುತ್ತವೆ. ನಿಖರವಾಗಿ ಹೇಳುವುದಾದರೆ ಪಿಥಿಯಂ ಶಿಲೀಂಧ್ರವೇ ಅಲ್ಲ, ಪಾಚಿಗಳ ದೂರದ ಬಂಧು. ಅದರ ಚರಬೀಜಕಗಳಿಗೆ ಎರಡು ಬಾಲಗಳಿದ್ದು, ಮಣ್ಣಿನ ಸಂದಿಯಲ್ಲಿ ನಿಂತ ನೀರಿನಲ್ಲಿ ಈಜಿ ಬೇರು ಸೇರುತ್ತವೆ. ನೀರು ನಿಲ್ಲದಿದ್ದರೆ ಅವಕ್ಕೆ ದಾರಿಯಿಲ್ಲ. ಬಹಳ ಮಂದಿ ತರುವ ಕಾರ್ಬೆಂಡಾಜಿಮ್ ಪಿಥಿಯಂ ಮೇಲೆ ಕೆಲಸ ಮಾಡುವುದಿಲ್ಲ. ಅದು ಹಿಡಿದು ನಿಲ್ಲಿಸಬೇಕಾದ ಪ್ರೋಟೀನು ಈ ಜೀವಿಯಲ್ಲಿ ಬೇರೆ ರೂಪದಲ್ಲಿದೆ. ಇದಕ್ಕೆ ಮೆಟಲಾಕ್ಸಿಲ್ ಇರುವ ಔಷಧ ಬೇಕು, ಅದೂ ಎಲೆಗಲ್ಲ, ಬುಡಕ್ಕೆ. ಹಾಗಂತ ಎಲೆಗೆ ಸಿಂಪಡಿಸುವುದೆಲ್ಲ ವ್ಯರ್ಥವಲ್ಲ. ಎಲೆಯ ನಡುವೆ ನೀರು ತುಂಬಿದಂತಹ ದುಂಡನೆಯ ಚುಕ್ಕೆ ಎದ್ದು ಹರಡುತ್ತಿದ್ದರೆ ಅದು ಕೊಲೆಟೋಟ್ರೈಕಮ್ ಎಂಬ ನಿಜವಾದ ಶಿಲೀಂಧ್ರದ ಚಿಬ್ಬು ರೋಗವಿರಬಹುದು. ಆ ಎಲೆಯನ್ನು ಕತ್ತರಿಸಿ, ಉಳಿದವಕ್ಕೆ ತಾಮ್ರದ ಔಷಧ ಕೊಟ್ಟು, ಮೇಲಿನಿಂದ ನೀರು ಚಿಮುಕಿಸುವುದನ್ನು ಬಿಟ್ಟರೆ ಹತೋಟಿಗೆ ಬರುತ್ತದೆ. ಬುಡದಲ್ಲಿ ಬಿಳಿ ನೂಲು, ಸಾಸಿವೆ ಕಾಳಿನಂಥ ಗುಂಡುಗಳು ಕಂಡರೆ ಅದು ಸ್ಕ್ಲೆರೋಷಿಯಂ ಎಂಬ ಶಿಲೀಂಧ್ರ. ಗಬ್ಬು ನಾತ ಹೊಡೆದರೆ ಬ್ಯಾಕ್ಟೀರಿಯಾದ ಕೈವಾಡವಿರಬಹುದು, ಅದಕ್ಕೆ ಶಿಲೀಂಧ್ರನಾಶಕ ಏನೂ ಮಾಡದು. ಗುರುತು ಸಿಗದಿದ್ದರೆ ಗೋಕಾಕ ಹತ್ತಿರದ ಅರಭಾವಿಯಲ್ಲೇ ಕಿತ್ತೂರು ರಾಣಿ ಚೆನ್ನಮ್ಮ ತೋಟಗಾರಿಕೆ ಮಹಾವಿದ್ಯಾಲಯವಿದೆ, ಮಾದರಿ ಒಯ್ದು ಕೇಳಬಹುದು.

ಕೊಳೆತ ಗಿಡವನ್ನು ಕಿತ್ತು, ಹಳೆ ಮಣ್ಣನ್ನು ತೊಳೆದು, ಗಡ್ಡೆಯನ್ನು ಚೊಕ್ಕ ಚಾಕುವಿನಿಂದ ಬಿಳಿ ಗಟ್ಟಿ ಭಾಗ ಸಿಗುವವರೆಗೆ ಕೊಯ್ಯಬೇಕು. ನೆರಳಲ್ಲಿ 3–4 ದಿನ ಬಿಟ್ಟರೆ ಗಾಯ ಒಣಗುತ್ತದೆ. ಹೊಸ ಕುಂಡಕ್ಕೆ ಮಸಾರಿ ಮಣ್ಣು ಒಂದು ಪಾಲಾದರೆ ದಪ್ಪ ಉಸುಕು, ಇಟ್ಟಿಗೆ ಚೂರು ಸೇರಿ ಎರಡು ಪಾಲಿರಲಿ. ಗೊಬ್ಬರ ಒಂದು ಹಿಡಿ ಸಾಕು. ಟ್ರೈಕೋಡರ್ಮಾ ಎಂಬ ಉಪಕಾರಿ ಶಿಲೀಂಧ್ರ ಬೆರೆಸಿದರೆ ಒಳ್ಳೆಯದು, ಆದರೆ ಅದನ್ನು ರೋಗ ಬರುವ ಮುಂಚೆ ಹಾಕಬೇಕು. ಇಷ್ಟೆಲ್ಲ ಏಕೆ, ಉಳಿದ ಎಲೆ ಕತ್ತರಿಸಿ ನೆಟ್ಟರೆ ಹೊಸ ಗಿಡ ಬರುತ್ತದಲ್ಲ ಎಂಬ ಪ್ರಶ್ನೆ ನ್ಯಾಯವಾದದ್ದೇ. ಬರುತ್ತದೆ. ಆದರೆ ಹಳದಿ ಅಂಚಿನ ತಳಿಯಲ್ಲಿ ಅಂಚಿನ ಕೋಶಗಳೇ ಬೇರೆ, ನಡುವಿನವೇ ಬೇರೆ. ತುಂಡೆಲೆಯಿಂದ ಹುಟ್ಟುವ ಮರಿ ಅಂಚಿಲ್ಲದ ಬರೀ ಹಸಿರಾಗಿ ಬರುತ್ತದೆ. ಆ ಹಳದಿ ಬೇಕೆಂದರೆ ಗಡ್ಡೆಯನ್ನೇ ಉಳಿಸಿಕೊಳ್ಳಬೇಕು.