ರಿಟ್ ಅರ್ಜಿಯೋ, ಸಿವಿಲ್ ದಾವೆಯೋ: ಕಾಸರಗೋಡಿನ ಹಳೆಯ ದಸ್ತಾವೇಜುಗಳ ಹಿನ್ನೆಲೆಯಲ್ಲಿ

ಕಾಸರಗೋಡಿನ ಅನೇಕ ಮನೆತನಗಳ ಭೂದಾಖಲೆಗಳು 1956ರ ರಾಜ್ಯ ಪುನರ್ವಿಂಗಡಣೆಗೆ ಮುಂಚಿನವು. ಆ ಪ್ರದೇಶ ದಕ್ಷಿಣ ಕನ್ನಡ ಜಿಲ್ಲೆಯಲ್ಲಿದ್ದಾಗ ಕನ್ನಡದಲ್ಲಿ ಬರೆಯಿಸಿ ನೋಂದಾಯಿಸಿದವು. ಇಂತಹ ದಸ್ತಾವೇಜನ್ನು ಹಿಡಿದು ನ್ಯಾಯ ಕೇಳಹೊರಟವರು ಮೊದಲು ತೀರ್ಮಾನಿಸಬೇಕಾದುದು ಎಲ್ಲಿಗೆ ಹೋಗಬೇಕೆಂಬುದನ್ನು. ಸಂವಿಧಾನದ 226ನೆಯ ವಿಧಿಯನ್ವಯ ಕೊಚ್ಚಿಯ ಉಚ್ಚ ನ್ಯಾಯಾಲಯದಲ್ಲಿ ರಿಟ್ ಅರ್ಜಿಯೋ, ಸಮೀಪದ ಮುನ್ಸಿಫ್ ಕೋರ್ಟಿನಲ್ಲಿ ಸಿವಿಲ್ ದಾವೆಯೋ?

ರಿಟ್ ಬೇಗ ಮುಗಿಯುತ್ತದೆಂಬ ನಂಬಿಕೆ ಜನರಲ್ಲಿ ಬಲವಾಗಿದೆ. ಬೇಗ ಮುಗಿಯುವುದೇನೋ ನಿಜ, ಕೆಲವೊಮ್ಮೆ ಅರ್ಜಿ ವಜಾ ಆಗುವುದರಿಂದ! ಅಡಿಕೆ ತೋಟವೊಂದರ ಗಡಿಯ ತಕರಾರನ್ನು ಊಹಿಸಿಕೊಳ್ಳಬಹುದು. ಹಳೆಯ ದಸ್ತಾವೇಜು ಚಕ್ಕುಬಂದಿಯಲ್ಲಿ ಒಂದು ತೋಡನ್ನೂ ಒಂದು ಕಟ್ಟಪುಣಿಯನ್ನೂ ಹೆಸರಿಸಿದೆ. ಈಗ ತೋಡು ದಿಕ್ಕು ಬದಲಿಸಿದೆ. ಕಟ್ಟಪುಣಿ ಯಾವುದೆಂಬುದರಲ್ಲೇ ಇಬ್ಬರಿಗೂ ಒಮ್ಮತವಿಲ್ಲ. ಇದನ್ನು ನಿರ್ಣಯಿಸಲು ಊರಿನ ಹಿರಿಯರ ಸಾಕ್ಷ್ಯ, ಪಾಟೀಸವಾಲು, ಸರ್ವೆಯರನೊಡನೆ ಸ್ಥಳಕ್ಕೆ ಬರುವ ಕಮಿಷನರನ ವರದಿ ಬೇಕು. ರಿಟ್ ವಿಚಾರಣೆ ಸಾಮಾನ್ಯವಾಗಿ ಅಫಿಡವಿಟ್‌ಗಳ ಮೇಲೆಯೇ ನಡೆಯುತ್ತದೆ. ಮೇಲಾಗಿ ಕನ್ನಡ ದಸ್ತಾವೇಜು ಅಲ್ಲಿ ಇಂಗ್ಲಿಷ್ ಅನುವಾದದ ಮೂಲಕವೇ ಮಾತನಾಡಬೇಕು. ‘ವರ್ಗ’, ‘ಕುಮ್ಕಿ’, ‘ಮೂಲಗೇಣಿ’ಗಳನ್ನು ಅನುವಾದಕನು ತಪ್ಪಾಗಿ ಗ್ರಹಿಸಿದರೆ ಹಕ್ಕಿನ ಸ್ವರೂಪವೇ ಬದಲಾದಂತೆ ತೋರುತ್ತದೆ.

ಖಾಸಗಿ ವ್ಯಕ್ತಿಗಳ ನಡುವಣ ಸ್ವತ್ತಿನ ವಿವಾದಕ್ಕೆ ರಿಟ್ ಮಾರ್ಗವಲ್ಲವೆಂದು ಸರ್ವೋಚ್ಚ ನ್ಯಾಯಾಲಯ ಹಲವು ಬಾರಿ ಹೇಳಿದೆ; 2018ರಲ್ಲಿ ಕೇರಳದಿಂದಲೇ ಬಂದ ಮೇಲ್ಮನವಿಯೊಂದರಲ್ಲೂ ಇದನ್ನು ಪುನರುಚ್ಚರಿಸಿತು. ಆದರೆ ವಾಸ್ತವಾಂಶದ ವಿವಾದವಿದೆಯೆಂಬ ಒಂದೇ ಕಾರಣಕ್ಕೆ ರಿಟ್ ಬಾಗಿಲು ಮುಚ್ಚುವುದಿಲ್ಲವೆಂಬುದು 2003ರ ಎಬಿಎಲ್ ಇಂಟರ್‌ನ್ಯಾಷನಲ್ ತೀರ್ಪಿನ ಸಾರ. ಎದುರಾಳಿಯು ಬರಿದೇ ನಿರಾಕರಿಸಿದ ಮಾತ್ರಕ್ಕೆ ವಿವಾದ ಹುಟ್ಟುವುದಿಲ್ಲ. ಕಾಗದಪತ್ರಗಳಿಂದಲೇ ಸತ್ಯ ತಿಳಿಯುವಂತಿದ್ದರೆ ಉಚ್ಚ ನ್ಯಾಯಾಲಯ ಅದನ್ನು ಪರಿಶೀಲಿಸಬಹುದು.

ಭಾಷಾ ಅಲ್ಪಸಂಖ್ಯಾತರ ಹಕ್ಕುಗಳಲ್ಲಿ ಈ ಭೇದ ಸ್ಪಷ್ಟವಾಗುತ್ತದೆ. ಕೇರಳದ 1969ರ ಅಧಿಕೃತ ಭಾಷಾ ಕಾಯಿದೆಯು ಅಲ್ಪಸಂಖ್ಯಾತ ಪ್ರದೇಶದ ಸರ್ಕಾರಿ ಕಚೇರಿಗಳೊಡನೆ ಕನ್ನಡದಲ್ಲಿ ವ್ಯವಹರಿಸಲು, ಉತ್ತರವನ್ನೂ ಕನ್ನಡದಲ್ಲಿಯೇ ಪಡೆಯಲು ಅವಕಾಶವಿತ್ತಿದೆ. ಕನ್ನಡ ಅರ್ಜಿಯನ್ನು ಕಚೇರಿ ಲಿಖಿತವಾಗಿ ನಿರಾಕರಿಸಿದರೆ ವಿವಾದಿತ ವಾಸ್ತವಾಂಶವೇ ಇಲ್ಲ. ರಿಟ್ ಅಲ್ಲಿ ಸಹಜ ಮಾರ್ಗ. ಹಾಗೆಯೇ ತಹಶೀಲ್ದಾರರಲ್ಲಿ ವರ್ಷಗಟ್ಟಲೆ ಕೊಳೆಯುತ್ತಿರುವ ಅರ್ಜಿಯನ್ನು ಕಾಲಮಿತಿಯೊಳಗೆ ತೀರ್ಮಾನಿಸಲು ನಿರ್ದೇಶನ ಕೋರಬಹುದು. ಅದೇ ಅರ್ಜಿಯಲ್ಲಿ ಭೂಮಿಯ ಒಡೆತನವನ್ನೂ ಘೋಷಿಸಬೇಕೆಂದು ಕೇಳಿದಾಗ ತೊಡಕು ಶುರುವಾಗುತ್ತದೆ.

ತಪ್ಪಿದ ಆಯ್ಕೆಯ ನಿಜವಾದ ಬೆಲೆ ಕಾಲ. ಸ್ವಾಧೀನ ತಪ್ಪಿದವನು ಒಡೆತನ ಸಾಬೀತುಪಡಿಸದೆಯೇ ಅದನ್ನು ಮರಳಿ ಪಡೆಯುವ ದಾವೆಗೆ ಇರುವ ಅವಧಿ ಕೇವಲ 6 ತಿಂಗಳು. ಸರ್ಕಾರದ ವಿರುದ್ಧ ಆ ದಾವೆ ಸಲ್ಲದು. ಒಡೆತನದ ಆಧಾರದ ಮೇಲೆ ಸ್ವಾಧೀನ ಕೋರಲು, ಎದುರಾಳಿಯ ಪ್ರತಿಕೂಲ ಸ್ವಾಧೀನ ಆರಂಭವಾದಂದಿನಿಂದ 12 ವರ್ಷ. ರಿಟ್‌ನಲ್ಲಿ ಕಳೆದ ಅವಧಿಯನ್ನು ಕಾಲಮಿತಿ ಕಾಯಿದೆಯ 14ನೆಯ ಕಲಮಿನಡಿ ಹೊರತುಪಡಿಸುವಂತೆ ಕೋರಬಹುದಾದರೂ, ಸದ್ಭಾವನೆಯಿಂದ, ಶ್ರದ್ಧೆಯಿಂದ ನಡೆಸಿದ್ದೆಂದು ತೋರಿಸುವ ಹೊಣೆ ಅರ್ಜಿದಾರನದೇ.