ಹುಳ ಸಾಕುವ ಸೀಮೆಯಲ್ಲಿ ಹುಳ ಕೊಲ್ಲುವ ಬಗೆ

ಹೊನ್ನೂರಿನ ಸುತ್ತಮುತ್ತ, ಯಳಂದೂರು, ಕೊಳ್ಳೇಗಾಲ, ಹನೂರಿನ ಕಡೆ ‘ಹುಳ’ ಎಂದರೆ ಮೊದಲು ನೆನಪಾಗುವುದು ರೇಷ್ಮೆ. ಹುಳ ಪೊರೆ ಬಿಡಲು ಜ್ವರಕ್ಕೆ ಕೂತಿದೆ, ಹುಳ ಹಣ್ಣಾಗಿದೆ, ಇನ್ನು ಗೂಡು ಕಟ್ಟಲು ಚಂದ್ರಿಕೆಗೆ ಬಿಡಬೇಕು ಎಂಬುದು ರೇಷ್ಮೆ ಬೆಳೆಯುವವರ ಮನೆಮಾತು. ಮಳೆ ಬಿದ್ದು ಕೆಲವು ವಾರ ಕಳೆಯುತ್ತಲೇ ಇದೇ ಸೀಮೆಯ ಹಿತ್ತಿಲುಗಳಲ್ಲಿ ನುಗ್ಗೆಮರದ ಬೊಡ್ಡೆಗೆ ಕಂಬಳಿಹುಳ ಮೆತ್ತಿಕೊಳ್ಳುತ್ತದೆ. ಮಾವಿನ ಎಲೆಗಳು ಬಲೆಯಲ್ಲಿ ಅಂಟಿಕೊಂಡು, ಒಣಗಿ ಗೊಂಚಲಾಗಿ ಜೋತುಬೀಳುತ್ತವೆ. ಹಿಪ್ಪುನೇರಳೆಯ ಕುಡಿ ನೂಲಿನಲ್ಲಿ ಸುತ್ತಿಕೊಂಡು ಮುದುಡುತ್ತದೆ. ಮನೆಯೊಳಗಿನ ಹುಳ, ಹೊರಗಿನ ಹುಳ ಎರಡೂ ಪತಂಗದ ಮರಿಗಳೇ. ಎರಡೂ ಬಾಯಿಂದ ನೂಲು ತೆಗೆಯುತ್ತವೆ, ಎರಡಕ್ಕೂ ಎಲೆಯೇ ಅನ್ನ. ಹಾಗಾಗಿ ಒಂದನ್ನು ಕೊಲ್ಲುವ ಔಷಧಿ ಇನ್ನೊಂದನ್ನು ಬಿಡುವುದಿಲ್ಲ. ಮರದಲ್ಲಿ ಬಲೆ ಕಂಡ ಕೂಡಲೇ ಬೆನ್ನಿಗೆ ಪಂಪು ಏರಿಸುವ ಅಭ್ಯಾಸ ಈ ಸೀಮೆಗೆ ಸಲ್ಲದು. ಇಲ್ಲಿ ಮೊದಲು ಕಣ್ಣು, ಆಮೇಲೆ ಕೈ, ಔಷಧಿ ಕಟ್ಟಕಡೆಗೆ. ಈ ಮಾತಿಗೆ ಆಧಾರ ಹುಳದ ಬದುಕಿನಲ್ಲೇ ಇದೆ.

ಕಣ್ಣಿನ ಕೆಲಸದಿಂದಲೇ ತೊಡಗೋಣ. ಮರದ ಕವಲಿನಲ್ಲಿ ಬಿಳಿಯ ಗುಡಾರ ಕಟ್ಟಿಕೊಂಡು ನೂರಾರು ಹುಳಗಳು ಒಟ್ಟಾಗಿ ಬದುಕುವುದನ್ನು ಪಾಶ್ಚಾತ್ಯ ಪುಸ್ತಕಗಳು ವಿವರಿಸುತ್ತವೆ. ಮಲಕೊಸೋಮ ಎಂಬ ಕುಲಕ್ಕೆ ಸೇರಿದ ಆ ಗುಡಾರದ ಹುಳ ಉತ್ತರ ಅಮೆರಿಕದಲ್ಲಿ ಹೆಸರುವಾಸಿ. ನಮ್ಮ ದೇಶದಲ್ಲಿ ಅದರ ಹತ್ತಿರದ ನೆಂಟ ಕಾಣುವುದು ಹಿಮಾಲಯದ ಸೇಬಿನ ತೋಟಗಳಲ್ಲಿ. ಕಾವೇರಿ ಮತ್ತು ಸುವರ್ಣಾವತಿಯ ಬಯಲಿನಲ್ಲಿ ಬಲೆ ಕಟ್ಟುವ ಹುಳಗಳೇ ಬೇರೆ. ಮಾವಿನಲ್ಲಿ ಎಲೆ ಹೆಣೆಯುವ ಹುಳ, ಹಿಪ್ಪುನೇರಳೆಯಲ್ಲಿ ಎಲೆ ಸುರುಳಿ ಹುಳ, ತೆಂಗಿನ ಗರಿಯ ತಳಭಾಗದಲ್ಲಿ ನೂಲು ಮತ್ತು ಹಿಕ್ಕೆ ಕಲಸಿ ಸುರಂಗ ಮಾಡಿಕೊಂಡು ಹಸಿರನ್ನು ಕೆರೆದು ತಿನ್ನುವ ಕಪ್ಪುತಲೆ ಹುಳ. ನುಗ್ಗೆಯ ಕಂಬಳಿಹುಳ ಬಲೆಯ ಗೂಡು ಕಟ್ಟುವುದಿಲ್ಲ. ಆದರೂ ಗುಂಪು ಬಿಟ್ಟು ಬದುಕುವುದಿಲ್ಲ. ಹುಳಕ್ಕೆ ಸಂಬಂಧವೇ ಇಲ್ಲದ ಬಲೆಗಳೂ ಇವೆ. ಹನೂರಿನ ಕಡೆಯಂಥ ಒಣಭೂಮಿಯ ಮುಳ್ಳುಗಿಡಗಳಲ್ಲಿ ಕೊಳಕು ಹತ್ತಿಯ ಮುದ್ದೆಯಂತೆ ಕಾಣುವ ದೊಡ್ಡ ಬಲೆ ಬಹುತೇಕ ಗುಂಪುಜೇಡಗಳದ್ದು. ಹಸಿರೆಲೆಗಳನ್ನೇ ಸೇರಿಸಿ ಚೆಂಡಿನಂತೆ ಹೊಲಿದ ಗೂಡಾದರೆ ಅದು ಕೆಂಜಿಗದ ಮನೆ. ಮಲೆನಾಡಿನವರು ಅದನ್ನು ಚಗಳಿ ಎನ್ನುತ್ತಾರೆ. ಜೇಡ, ಇರುವೆ ಎರಡೂ ಕೀಟಗಳನ್ನು ಹಿಡಿದು ತಿನ್ನುವ ಜೀವಿಗಳು. ಅವುಗಳ ಮೇಲೆ ಔಷಧಿ ಹೊಡೆದರೆ ದುಡ್ಡು ಕೊಟ್ಟು ಕಾವಲುಗಾರನನ್ನೇ ಕೊಂದಂತೆ. ಗುರುತಿಸುವುದು ಕಷ್ಟವೇನಲ್ಲ. ಒಂದು ಕಡ್ಡಿಯಿಂದ ಬಲೆಯನ್ನು ಬಿಡಿಸಿ ನೋಡಿ. ಒಳಗೆ ಸಾಸಿವೆಯಂಥ ಕರಿಯ ಹಿಕ್ಕೆ, ನರ ಮಾತ್ರ ಉಳಿದ ಎಲೆ ಸಿಕ್ಕರೆ ಅದು ಹುಳದ ಬಲೆ. ನೊಣ, ದುಂಬಿಗಳ ರೆಕ್ಕೆ ಮತ್ತು ಸಿಪ್ಪೆ ಸಿಕ್ಕಿ, ಎಲೆ ಇಡಿಯಾಗಿದ್ದರೆ ಅದು ಜೇಡದ್ದು, ಬಿಟ್ಟುಬಿಡಿ.

ಇನ್ನು ಕೈಯ ಕೆಲಸ. ಗುಂಪಾಗಿ ಬದುಕುವುದೇ ಈ ಹುಳಗಳ ಬಲ, ಅದೇ ಅವುಗಳ ದೌರ್ಬಲ್ಯ. ಹಿಪ್ಪುನೇರಳೆಗೆ ಬರುವ ಬೇರೊಂದು ಕಂಬಳಿಹುಳದ ಪತಂಗ ಎಲೆಯ ತಳಭಾಗದಲ್ಲಿ ನೂರಾರು ತಿಳಿಹಸಿರು ಮೊಟ್ಟೆಗಳನ್ನು ಒತ್ತೊತ್ತಾಗಿ ಇಡುತ್ತದೆ. ಮೊಟ್ಟೆಯೊಡೆದ ಮರಿಗಳು ಮೊದಲ ಕೆಲವು ದಿನ ಅದೇ ಎಲೆಯಲ್ಲಿ ಒಟ್ಟಿಗೆ ಮೇಯುತ್ತವೆ. ಹಸಿರನ್ನಷ್ಟೇ ಕೆರೆದು ತಿಂದು, ಎಲೆಯನ್ನು ಬೂದುಬಣ್ಣದ ಜರಡಿಯಂತೆ ಮಾಡುತ್ತವೆ. ತೋಟದ ಹಸಿರಿನ ನಡುವೆ ಆ ಒಂದೆಲೆ ದೂರಕ್ಕೂ ಎದ್ದು ಕಾಣುತ್ತದೆ. ಆಗ ಅದನ್ನು ಕಿತ್ತು ಲೀಟರಿಗೆ ಐದು ಗ್ರಾಂ ಸೋಪು ಕಲಸಿದ ನೀರಿಗೆ ಹಾಕಿದರೆ ಇಡೀ ಸಂತತಿ ಅಲ್ಲಿಗೇ ಮುಗಿಯುತ್ತದೆ. ಒಂದು ವಾರ ತಡೆದರೆ ಹುಳಗಳು ದೊಡ್ಡವಾಗಿ ತೋಟವೆಲ್ಲ ಚೆದುರುತ್ತವೆ. ಮೈಗೆ ಕೂದಲು ದಟ್ಟವಾಗಿ, ಔಷಧಿಗೂ ಅಷ್ಟು ಸುಲಭವಾಗಿ ಬಗ್ಗುವುದಿಲ್ಲ. ನುಗ್ಗೆಯಲ್ಲೂ ಹೀಗೆಯೇ. ರಾತ್ರಿ ಮೇಯಲು ಮೇಲೇರುವ ಹುಳಗಳು ಹಗಲಿನಲ್ಲಿ ಕಾಂಡದ ಮೇಲೆ ಕಂದು ಕಂಬಳಿ ಹೊದಿಸಿದಂತೆ ಒಂದೆಡೆ ಸೇರಿರುತ್ತವೆ. ಹಗಲು ಹೊತ್ತಿನಲ್ಲಿ ತೆಂಗಿನ ಪೊರಕೆಯಿಂದ ಸೋಪಿನ ನೀರಿನ ಬಕೆಟ್ಟಿಗೆ ಗುಡಿಸಿದರೆ ಸಾಕು. ಪಂಜು ಹಚ್ಚಿ ಸುಡುವ ಹಳೆಯ ರೂಢಿಯೂ ಇದೆ. ಆದರೆ ನುಗ್ಗೆಯ ತೊಗಟೆ ಮೆದು. ಹುಳದ ಜತೆಗೆ ಮರವೂ ಬೇಯುತ್ತದೆ, ಅದು ಬೇಡ. ತುಂಬು ತೋಳಿನ ಅಂಗಿ, ಕೈಗವಸು ತೊಟ್ಟೇ ಈ ಕೆಲಸಕ್ಕೆ ಇಳಿಯಬೇಕು. ಆ ಕೂದಲು ಚರ್ಮಕ್ಕೆ ತಾಗಿದರೆ ಕಡಿತ, ಕಣ್ಣಿಗೆ ಬಿದ್ದರೆ ಅಪಾಯ. ಕಂಬಳಿಹುಳಗಳೂ ಮಾವಿನ ಹುಳವೂ ಕೋಶಾವಸ್ಥೆ ಕಳೆಯುವುದು ಮಣ್ಣಿನಲ್ಲಿ. ಬುಡದ ಮಣ್ಣನ್ನು ಕೆದಕಿ ತಿರುವಿದರೆ ಉಳಿದ ಕೆಲಸವನ್ನು ಬಿಸಿಲೂ ಹಕ್ಕಿಗಳೂ ಮಾಡುತ್ತವೆ. ಮಳೆ ಬಿದ್ದೊಡನೆ ನುಗ್ಗೆಯ ಪತಂಗ ಹೊರಬರುವಾಗ ದೀಪದ ಬಲೆ ಹಾಕಿದರೆ ಮೊಟ್ಟೆಯಿಡುವ ಮುನ್ನವೇ ಹಿಡಿಯಬಹುದು. ಎಲೆ ಸುರುಳಿ ಹುಳದ ಕಾಟ ಹೆಚ್ಚುವುದು ಸೆಪ್ಟೆಂಬರ್‌ನಿಂದ ನವೆಂಬರ್‌ವರೆಗೆ. ಆ ಹೊತ್ತಿನಲ್ಲಿ ಮುದುಡಿದ ಕುಡಿಯನ್ನು ಹುಳದ ಸಮೇತ ಚಿವುಟಿ ತೆಗೆಯುವುದೇ ಮೊದಲ ಚಿಕಿತ್ಸೆ.

ಔಷಧಿ ಹೊಡೆದರೆ ಒಂದೇ ದಿನಕ್ಕೆ ಮುಗಿಯುತ್ತದಲ್ಲ ಎಂಬ ಮಾತು ಬಂದೇ ಬರುತ್ತದೆ. ಆದರೆ ರೇಷ್ಮೆ ಹುಳ ಸಾವಿರಾರು ವರ್ಷ ಮನುಷ್ಯನ ಆಸರೆಯಲ್ಲೇ ಬೆಳೆದು ಬಂದ ಜೀವ. ಕೀಟನಾಶಕ ತೀರ ಸ್ವಲ್ಪ ಸೋಕಿದರೂ ತಾಳದು. ಅದು ಐದನೇ ಹಂತದಲ್ಲಿ, ಅಂದರೆ ಗೂಡು ಕಟ್ಟುವ ಮುಂಚಿನ ಒಂದು ವಾರದಲ್ಲಿ, ತನ್ನ ಜೀವಮಾನದ ಸೊಪ್ಪಿನಲ್ಲಿ ನೂರಕ್ಕೆ ಎಂಬತ್ತು ಪಾಲಿಗೂ ಹೆಚ್ಚು ತಿನ್ನುತ್ತದೆ. ಎತ್ತರದ ಮರಕ್ಕೆ ಹೊಡೆದ ತುಂತುರು ಗಾಳಿಗೆ ತೇಲಿ ಪಕ್ಕದ ಹಿಪ್ಪುನೇರಳೆ ಕಡ್ಡಿಯ ಮೇಲೆ ಕೂತರೆ, ಬಂಡವಾಳವೆಲ್ಲ ಸುರಿದು ಮುಗಿದ ಆ ವಾರದಲ್ಲೇ ಬೆಳೆ ಕೈಬಿಡಬಹುದು. ಪತಂಗದ ಮರಿಗಳನ್ನೇ ಗುರಿಯಾಗಿಸಿದ ಕ್ಲೋರಾಂಟ್ರಾನಿಲಿಪ್ರೋಲ್‌ನಂಥ ಹೊಸ ಔಷಧಿಗಳು ರೇಷ್ಮೆ ಹುಳಕ್ಕಂತೂ ಕಡುವಿಷ. ಹಿಂದೆ ಹಿಪ್ಪುನೇರಳೆಗೇ ಶಿಫಾರಸಾಗಿದ್ದ ಡೈಕ್ಲೋರ್‌ವಾಸ್ ಅನ್ನು ಕೇಂದ್ರ ಸರ್ಕಾರ 2018ರ ಆದೇಶದ ಮೂಲಕ 2020ರ ಡಿಸೆಂಬರ್ 31ರಿಂದ ನಿಷೇಧಿಸಿದೆ. ಹಳೆಯ ಕೈಪಿಡಿ ನೋಡಿ ಇಂದಿಗೂ ಅದನ್ನು ಹುಡುಕುವುದು ತಪ್ಪು. ‘ಜೈವಿಕ’ ಎಂಬ ಹೆಸರಿಗೂ ಇಲ್ಲಿ ಮರುಳಾಗಬಾರದು. ಮರಿಹುಳಗಳಿಗೆಂದು ಎಲ್ಲೆಡೆ ಮಾರುವ ಬಿ.ಟಿ. ಬ್ಯಾಕ್ಟೀರಿಯಾವನ್ನು ಜಪಾನಿನ ಇಶಿವಾತ 1901ರಲ್ಲಿ ಮೊದಲು ಗುರುತಿಸಿದ್ದೇ ಸತ್ತ ರೇಷ್ಮೆ ಹುಳದಲ್ಲಿ. ಬೇರೆಡೆ ನಿರಪಾಯಕಾರಿ ಎನಿಸಿದ ವಸ್ತು ಹುಳ ಸಾಕುವ ಊರಿನಲ್ಲಿ ರೋಗವೇ ಆಗಬಹುದು.

ಔಷಧಿ ಕಟ್ಟಕಡೆಗೆ ಎಂಬ ಮಾತಿಗೆ ಬರುವ ಆಕ್ಷೇಪಗಳೂ ಹಗುರವಾದವಲ್ಲ. ಕೂಲಿಯಾಳು ಸಿಗುವುದಿಲ್ಲ, ಸಿಕ್ಕರೂ ದುಬಾರಿ ಎಂಬುದು ಮೊದಲನೆಯದು. ಅದು ನಿಜ. ಆದರೆ ಹುಳ ಚೆದುರಿದ ಮೇಲೆ ತೋಟವಿಡೀ ಹುಡುಕುವ ಕೂಲಿಗೂ, ವಾರಕ್ಕೊಮ್ಮೆ ಸಾಲುಗಳ ನಡುವೆ ನಡೆದು ಜರಡಿಯಾದ ನಾಲ್ಕೆಲೆ ಕೀಳುವ ಕೆಲಸಕ್ಕೂ ಹೋಲಿಕೆಯಿಲ್ಲ. ಸೊಪ್ಪು ಕೊಯ್ಯಲು ದಿನವೂ ತೋಟಕ್ಕಿಳಿಯುವ ಕೈಗಳಿಗೆ ಇದು ಹೊಸ ಹೊರೆಯಲ್ಲ. ಎತ್ತರದ ಮಾವಿಗೆ ಏನು ಮಾಡುವುದು? ದೋಟಿಯಿಂದ ಗೊಂಚಲುಗಳನ್ನು ಎಳೆದು ಸುಡಬಹುದು. ಕೊಯ್ಲು ಮುಗಿದ ಮೇಲೆ ಒತ್ತಾದ ರೆಂಬೆ ಸವರಿ ಒಳಗೆ ಬೆಳಕು ಬಿಟ್ಟರೆ ಮುಂದಿನ ವರ್ಷ ಬಲೆಯೇ ಕಡಿಮೆ. ದೋಟಿಗೂ ಎಟುಕದ್ದನ್ನು ಹಾಗೇ ಬಿಡಬಹುದು. ಗಟ್ಟಿಮುಟ್ಟಾದ ಮರ ಒಮ್ಮೆ ಎಲೆ ಕಳೆದುಕೊಂಡರೆ ಸಾಯುವುದಿಲ್ಲ. ನುಗ್ಗೆಯಂತೂ ಬೋಳಾದರೂ ಬೇಗ ಚಿಗುರುತ್ತದೆ.

ಎರಡನೆಯ ಆಕ್ಷೇಪ, ಹುಳವನ್ನೇ ತಿಂದು ಬೆಳೆಯುವ ಪರಾವಲಂಬಿ ಕೀಟಗಳನ್ನು ನಂಬಿದರೆ ಅವು ಕೆಲಸ ಮುಗಿಸುವಷ್ಟರಲ್ಲಿ ಬೆಳೆ ಉಳಿಯುವುದಿಲ್ಲ ಎಂಬುದು. ನೆರೆಯ ತಮಿಳುನಾಡಿನಲ್ಲಿ ನಡೆದದ್ದು ಇದಕ್ಕೆ ಉತ್ತರ. 2008ರಲ್ಲಿ ಕೊಯಮತ್ತೂರಿನಲ್ಲಿ ಕಾಣಿಸಿಕೊಂಡ ಪರಂಗಿಯ ಹಿಟ್ಟುತಿಗಣೆ ಹಿಪ್ಪುನೇರಳೆಗೂ ನುಗ್ಗಿತು. ಮೇಣದ ಹೊದಿಕೆಯ ಆ ಕೀಟ ಔಷಧಿಗೆ ಬಗ್ಗಲಿಲ್ಲ. 2010ರಲ್ಲಿ ಬೆಂಗಳೂರಿನ ರಾಷ್ಟ್ರೀಯ ಕೀಟ ಸಂಸ್ಥೆ ಪೋರ್ಟೊರಿಕೊದಿಂದ ತರಿಸಿ ಬಿಟ್ಟ ಅಸೆರೊಫೇಗಸ್ ಎಂಬ ಕಣಜ ಕೆಲವೇ ತಿಂಗಳಲ್ಲಿ ಅದನ್ನು ಹತೋಟಿಗೆ ತಂದಿತು. ಹಿಟ್ಟುತಿಗಣೆ ಮರಿಹುಳವಲ್ಲ, ಒಪ್ಪಿದೆ. ಆದರೆ ಮರಿಹುಳಗಳಿಗೂ ಅವುಗಳದ್ದೇ ವೈರಿಗಳಿವೆ. ಎಲೆ ಸುರುಳಿ ಹುಳದ ಮೊಟ್ಟೆಗೆ ಟ್ರೈಕೊಗ್ರಾಮ, ತೆಂಗಿನ ಕಪ್ಪುತಲೆ ಹುಳಕ್ಕೆ ಗೋನಿಯೋಜಸ್. ರೇಷ್ಮೆ ಹುಳಕ್ಕೆ ವಿಷ ಸೋಕಿಸದೆ ಕೆಲಸ ಮಾಡುವುದರಿಂದಲೇ ಇವು ಈ ಸೀಮೆಗೆ ಹೇಳಿಮಾಡಿಸಿದಂತಿವೆ. ಕಂಡಕಂಡಲ್ಲಿ ಔಷಧಿ ಹೊಡೆದರೆ ಮೊದಲು ಸಾಯುವುದು ಈ ಕಣಜಗಳೇ.

ಮೂರನೆಯದು ಎಲ್ಲಕ್ಕಿಂತ ಕಷ್ಟದ್ದು. ನಾನು ಹೊಡೆಯದಿದ್ದರೂ ಪಕ್ಕದ ಹೊಲದವರು ಹೊಡೆಯುತ್ತಾರಲ್ಲ? 2018ರಲ್ಲಿ ಶಿವಮೊಗ್ಗದಲ್ಲಿ ಮೊದಲು ಕಂಡ ಫಾಲ್ ಸೈನಿಕ ಹುಳ ನಾಡೆಲ್ಲ ಹರಡಿದ ಮೇಲೆ ಮುಸುಕಿನ ಜೋಳಕ್ಕೆ ಔಷಧಿ ಹೊಡೆಯುವುದು ಸಾಮಾನ್ಯವಾಗಿದೆ. ಕಡ್ಡಿತೋಟ, ಜೋಳದ ಹೊಲ ಒಂದೇ ಬದುವಿನ ಆಚೆ ಈಚೆ ಇರುವ ಕಡೆ ಒಬ್ಬರ ಎಚ್ಚರ ಸಾಲದು. ಹೊಡೆಯಲೇಬೇಕಾದವರು ಹಿಂದಿನ ದಿನ ಒಂದು ಮಾತು ಹೇಳಲಿ, ಗಾಳಿಯಿಲ್ಲದ ಹೊತ್ತು ನೋಡಲಿ, ರೇಷ್ಮೆ ಹುಳ ಐದನೇ ಹಂತದಲ್ಲಿರುವಾಗ ಬದುವಿನ ಪಕ್ಕದ ಸಾಲುಗಳನ್ನು ಬಿಡಲಿ. ಹುಳ ಮೇಯಿಸುವವರು ತಮ್ಮ ಕಡೆಯ ಬದುವಿನ ಸಾಲಿನ ಸೊಪ್ಪನ್ನು ಔಷಧಿಗೆ ಹೇಳಿದ ಕಾಯುವ ಅವಧಿ ಮುಗಿಯುವವರೆಗೆ ಕೊಯ್ಯದಿರಲಿ. ನೀರಿಗೆ, ದಾರಿಗೆ ಒಪ್ಪಂದ ಮಾಡಿಕೊಂಡು ಬದುಕುವ ಊರುಗಳಿಗೆ ಗಾಳಿಗೂ ಒಂದು ಒಪ್ಪಂದ ಮಾಡಿಕೊಳ್ಳುವುದು ಅಸಾಧ್ಯವಲ್ಲ.

ಇಷ್ಟೂ ಕೆಲಸಕ್ಕೆ ಬೇಕಾದ ಜಾಣ್ಮೆಯನ್ನು ಹೊಸದಾಗಿ ಕಲಿಯಬೇಕಿಲ್ಲ. ತಲೆಯೆತ್ತಿ ನಿಂತ ಹುಳ ಕಂಡರೆ ಜ್ವರಕ್ಕೆ ಕೂತಿದೆ ಎಂದು ತಿಳಿಯುವ, ಮೈಬಣ್ಣ ತುಸು ಬದಲಾದರೆ ಹಣ್ಣಾಯಿತು ಎಂದು ಹೇಳುವ ಕಣ್ಣುಗಳು ಇಲ್ಲಿನ ಮನೆಮನೆಯಲ್ಲಿವೆ. ಆ ಕಣ್ಣು ವಾರಕ್ಕೊಮ್ಮೆ ಹಿತ್ತಿಲ ನುಗ್ಗೆಯ ಬೊಡ್ಡೆಯನ್ನೂ, ಕಡ್ಡಿಯ ಕುಡಿಯನ್ನೂ, ಎಲೆಯ ತಳವನ್ನೂ ನೋಡಿದರೆ ಪಂಪು ಕೆಳಗಿಳಿಸುವ ದಿನಗಳೇ ಹೆಚ್ಚಾಗುತ್ತವೆ.